ಬೀದಿಗೆ ತೆರೆಯುವ ಕೋಣೆ

ಬ್ಯಾಂಕಿನ ಹುಡುಗಿಯ ಮೇಲಿನ ಎರಡು ಮುಂಬಲ್ಲುಗಳ ನಡುವೆ ಒಂದು ಸಣ್ಣ ಸಂದಿಯಿತ್ತು. ಅವಳು ಹೇಳುತ್ತಿದ್ದುದನ್ನು ಬಿಟ್ಟು ಅವನು ಆ ಸಂದಿಯನ್ನೇ ನೋಡುತ್ತ ಕೂತಿದ್ದ. ಹಲ್ಲು ಕಟ್ಟುವವನಿಗೆ ಇದೊಂದು ಚಟ. ಎದುರಿಗಿರುವವರು ಅಳಲಿ, ಬೈಯಲಿ, ಕಣ್ಣು ಮಾತ್ರ ಅವರ ಬಾಯೊಳಗೆ ಹೋಗಿ ಕೂರುತ್ತದೆ. ಇಂಥ ಸಂದಿಯನ್ನು ಮುಚ್ಚಿಕೊಡಿ ಎಂದು ಎಷ್ಟೋ ಜನ ಡಾಕ್ಟರ ಹತ್ತಿರ ಬರುತ್ತಾರೆ, ಮುಚ್ಚಿದ ಮೇಲೆ ಮುಖ ಇನ್ಯಾರದೋ ಆಗಿಬಿಡುತ್ತದೆ, ಇವಳಿಗೆ ಯಾರಾದರೂ ಮೊದಲೇ ಬೇಡವೆಂದು ಹೇಳಬೇಕು ಎಂದು ಅವನು ಯೋಚಿಸುತ್ತಿರುವಾಗಲೇ ಅವಳು ಎರಡನೇ ಸಲ ಹೇಳಿದಳು.

"ಸರ್, ಇನ್ನೂ ಒಂಬತ್ತು ವರ್ಷ ಇದೆ."

"ಇಲ್ಲ ಕಣಮ್ಮ. ಹದಿನೈದು ವರ್ಷದ ಸಾಲ ಅದು. ಈ ತಿಂಗಳಿಗೆ ಮುಗೀತು. ಮನೆ ಪತ್ರ ತಗೊಂಡು ಹೋಗೋಣ ಅಂತ ಬಂದಿದೀನಿ." ತೊಡೆಯ ಮೇಲಿದ್ದ ಬಟ್ಟೆಯ ಚೀಲವನ್ನು ಅವನು ಸಾಕ್ಷಿಗೆಂಬಂತೆ ಸ್ವಲ್ಪ ಎತ್ತಿ ತೋರಿಸಿದ. ಪತ್ರ ಮಡಚದಂತೆ ಇರಲಿ ಎಂದು ಹೆಂಡತಿ ಅದರೊಳಗೆ ಒಂದು ರಟ್ಟನ್ನೂ ಇಟ್ಟುಕೊಟ್ಟಿದ್ದಳು.

"ಶುರುವಿಗೆ ಹದಿನೈದೇ ಸರ್. ನಡುವೆ ಬಡ್ಡಿ ದರ ಏರ್ತಲ್ಲ, ಆಗ ಕಂತು ಏರಿಸೋದಾ, ಇಲ್ಲಾ ವರ್ಷ ಏರಿಸೋದಾ ಅಂತ ನಿಮ್ಮನ್ನ ಕೇಳಿದಾರೆ. ಕಂತು ಅಷ್ಟೇ ಇರಲಿ ಅಂದಿದೀರಿ."

"ಹೌದು. ಅಷ್ಟೇ ಕಟ್ಟಿದೀನಲ್ಲ. ಒಂದು ತಿಂಗಳೂ ತಪ್ಪಿಸಿಲ್ಲ."

"ತಪ್ಪಿಸಿಲ್ಲ ಸರ್. ನಿಮ್ಮದು ತುಂಬಾ ಒಳ್ಳೆ ಖಾತೆ," ಎಂದಳು ಹುಡುಗಿ. ನಿಜವಾಗಿಯೇ ಹೊಗಳಿದಳು, ಅದರಲ್ಲಿ ಕುಹಕವಿರಲಿಲ್ಲ. ಆಮೇಲೆ ಪರದೆಯನ್ನು ಅವನ ಕಡೆ ತಿರುಗಿಸಿ, ಅದು ಅವನಿಗೆ ತಿಳಿಯುತ್ತಿಲ್ಲವೆಂದು ಕಂಡು, ಪೆನ್ಸಿಲು ತೆಗೆದು ಒಂದು ಚೀಟಿಯ ಮೇಲೆ ರೊಟ್ಟಿಯಂತೆ ಒಂದು ದುಂಡು ಬರೆದಳು. "ಇದು ನೀವು ತಗೊಂಡ ಸಾಲ. ಬಡ್ಡಿ ಏರಿದ ಮೇಲೆ ನಿಮ್ಮ ಕಂತಲ್ಲಿ ಹೆಚ್ಚುಕಮ್ಮಿ ಎಲ್ಲಾ ಬಡ್ಡಿಗೇ ಹೋಗಿದೆ, ಅಸಲಿಗೆ ಹೋಗಿದ್ದು ಚೂರೇ ಚೂರು. ಇಷ್ಟು ವರ್ಷಕ್ಕೆ ಅಸಲಲ್ಲಿ ಮೂರರಲ್ಲಿ ಒಂದು ಪಾಲು ತೀರಿದೆ." ದುಂಡಿನ ಒಂದು ಪಾಲಿಗೆ ಗೀಟು ಹಾಕಿದಳು. "ಅವತ್ತೇ ಕಂತನ್ನ ಸ್ವಲ್ಪ ಏರಿಸಿದ್ರೆ, ಆರರಲ್ಲಿ ಒಂದು ಪಾಲು ಅಂದ್ಕೊಳಿ, ಈ ತಿಂಗಳಿಗೇ ಮುಗೀತಿತ್ತು."

"ಎಲ್ಲಾ ಸೇರಿ ಎಷ್ಟಾಗುತ್ತೆ?"

ಅವಳು ಚೀಟಿಯ ಅಂಚಿನಲ್ಲಿ ಲೆಕ್ಕ ಹಾಕಿದಳು. "ಮುಗಿಯೋ ಹೊತ್ತಿಗೆ ನೀವು ತಗೊಂಡಿದ್ದರ ಎರಡೂ ಮುಕ್ಕಾಲರಷ್ಟು ಕಟ್ಟಿರ್ತೀರಿ ಸರ್. ನೀರು ಕುಡೀತೀರಾ?"

ಎದೆ ಧಸಕ್ಕೆನ್ನಬೇಕಿತ್ತು. ಅನ್ನಲಿಲ್ಲ. ಡಾಕ್ಟರು ಮರಗಟ್ಟಿಸುವ ಸೂಜಿ ಚುಚ್ಚಿದ ಮೇಲೆ ಜನ ತಮ್ಮ ಕೆನ್ನೆಯನ್ನು ತಾವೇ ಒತ್ತಿ ಒತ್ತಿ ನೋಡಿಕೊಳ್ಳುತ್ತಾರಲ್ಲ, ಹಾಗೆ ಅವನು ಒಂಬತ್ತು ಎಂಬುದನ್ನು ಮನಸ್ಸಿನಲ್ಲಿ ಎರಡು ಮೂರು ಸಲ ಒತ್ತಿ ನೋಡಿದ. ಏನೂ ಆಗಲಿಲ್ಲ. ನೀರು ಕುಡಿದ, ಲೋಟವನ್ನು ಸದ್ದಾಗದಂತೆ ಮೇಜಿನ ಮೇಲಿಟ್ಟ, ಹುಡುಗಿಗೆ ಥ್ಯಾಂಕ್ಸ್ ಹೇಳಿದ. ಏಳುವಾಗ ಕುರ್ಚಿಯನ್ನು ಎಳೆಯದೆ, ಎರಡೂ ಕೈಯಲ್ಲಿ ಎತ್ತಿ ಹಿಂದಕ್ಕಿಟ್ಟ. ಪಕ್ಕದ ಮೇಜಿನವನು ತಲೆಯೆತ್ತಿ ಇದೇನು ವಿಚಿತ್ರ ಎಂಬಂತೆ ನೋಡಿದ. ಬ್ಯಾಂಕಿನಲ್ಲಿ ಎಲ್ಲರೂ ಕುರ್ಚಿಗಳನ್ನು ಕರ್ರೆಂದು ಎಳೆದುಕೊಂಡೇ ಏಳುತ್ತಿದ್ದರು.

ಹೊರಗೆ ಬಿಸಿಲು. ವರ್ಷಗಳ ಹಿಂದೆ ಬ್ಯಾಂಕಿನಿಂದ ಆ ಫೋನು ಬಂದ ದಿನ ಅವನಿಗೆ ಚೆನ್ನಾಗಿ ನೆನಪಿದೆ, ಯಾಕೆಂದರೆ ಆಗಷ್ಟೇ ರಬ್ಬರಿನ ಬಟ್ಟಲಲ್ಲಿ ಪ್ಲಾಸ್ಟರು ಕಲಸಿದ್ದ. ಯಾರೋ ಮುದುಕಿಯ ಬಾಯಿಯ ಅಚ್ಚು, ಮೂರನೇ ಸಲ ತೆಗೆದದ್ದು. ಮೊದಲೆರಡು ಸಲ ಅವಳು ವಾಂತಿ ಬಂದಂತಾಗಿ ಅಚ್ಚನ್ನು ಕೆಡಿಸಿದ್ದಳು. ಕಲಸಿದ ಪ್ಲಾಸ್ಟರು ಕಾಯುವುದಿಲ್ಲ, ಗಟ್ಟಿಯಾಗಿಬಿಡುತ್ತದೆ. ಬಟ್ಟಲನ್ನು ಒಂದು ಕೈಯಲ್ಲಿ ಕುಟ್ಟುತ್ತ ಗುಳ್ಳೆ ಬಿಡಿಸುತ್ತ, ಭುಜಕ್ಕೂ ಕಿವಿಗೂ ನಡುವೆ ಫೋನು ಸಿಕ್ಕಿಸಿಕೊಂಡು, ಬಡ್ಡಿ ಏರಿದೆ ಸರ್ ಎಂಬ ಹೆಣ್ಣು ದನಿಗೆ, ಕಂತು ಏರಿಸಬೇಡಿ, ಅಷ್ಟೇ ಇರಲಿ, ಎಂದಿದ್ದ. ಹಾಗಾದ್ರೆ ಅವಧಿಯನ್ನ ಹೊಂದಿಸ್ಕೊಳ್ತೀವಿ ಎಂದಿತ್ತು ಆ ದನಿ. ಆ ಮಾತು ಕಿವಿಗೆ ಬಿದ್ದಿತ್ತು, ಬೀಳಲಿಲ್ಲವೆಂದು ಹೇಳುವಂತಿಲ್ಲ. ಅದು ಅವರ ತಲೆನೋವು, ಹೊಂದಿಸಿಕೊಳ್ಳಲಿ ಎಂದುಕೊಂಡು ಫೋನಿಟ್ಟು ಪ್ಲಾಸ್ಟರು ಸುರಿದಿದ್ದ. ಅಚ್ಚು ಎಷ್ಟು ಚೆನ್ನಾಗಿ ಬಂತೆಂದರೆ ಡಾಕ್ಟರೇ ಬೆನ್ನು ತಟ್ಟಿದರು. ಅವತ್ತು ಸಂಜೆ ಮನೆಗೆ ಹೋಗಿ ಅಂಗಿ ಬಿಚ್ಚುವ ಮೊದಲೇ ಹೆಂಡತಿಯ ಮುಂದೆ ಎದೆಯುಬ್ಬಿಸಿ ನಿಂತಿದ್ದ: ಊರಿಗೆಲ್ಲ ಕಂತು ಏರಿತು, ನಮ್ಮದು ಏರಲಿಲ್ಲ, ಒಂದೇ ಮಾತಲ್ಲಿ ಬಾಯಿ ಮುಚ್ಚಿಸಿದೆ. ಹೆಂಡತಿ ಹೆಸರುಕಾಳು ಆರಿಸುತ್ತಿದ್ದಳು. "ಅವರು ಸುಮ್ನೆ ಬಿಡ್ತಾರಾ?" ಎಂದಳು ಅಷ್ಟೆ. ನಿನಗೇನು ಗೊತ್ತಾಗುತ್ತೆ ಇದೆಲ್ಲ ಎಂದು ಅವನು ಗದರಿದ. ಗದರಿದ್ದೂ ಪಿಸುದನಿಯಲ್ಲೇ. ಅವರ ಮನೆಯಲ್ಲಿ ಜಗಳವೂ ಪಿಸುದನಿಯಲ್ಲೇ ನಡೆಯುತ್ತಿತ್ತು.

ಯಾಕೆಂದರೆ ಹಗಲೆಲ್ಲ ಮುಂದಿನ ಕೋಣೆಯಲ್ಲಿ ಬಾಡಿಗೆಯ ನರ್ಸಮ್ಮ ಮಲಗಿರುತ್ತಿದ್ದಳು, ಆ ರೂಢಿ ಸಂಜೆಗೂ ಬಿಡುತ್ತಿರಲಿಲ್ಲ. ಮನೆ ಕೊಂಡಾಗ ಹೆಂಡತಿ ಮೆಚ್ಚಿದ್ದು ಆ ಒಂದು ಕೋಣೆಯನ್ನು. ಬೀದಿಗೆ ತೆರೆಯುವ ಬಾಗಿಲು, ಬೀದಿಯುದ್ದಕ್ಕೂ ಕಾಣುವ ಅಗಲದ ಕಿಟಕಿ, ಆ ಕಿಟಕಿಯಲ್ಲಿ ಒಬ್ಬರು ಕಾಲು ಚಾಚಿ ಕೂರುವಷ್ಟು ಕಟ್ಟೆ. ಹಿಂದಿನ ಎರಡು ಕೋಣೆಗಳಿಗೆ ಪಕ್ಕದ ಮನೆಯ ಗೋಡೆ ಬಿಟ್ಟರೆ ನೋಡುವುದಕ್ಕೆ ಏನೂ ಇರಲಿಲ್ಲ. ಲೆಕ್ಕ ಹಾಕಿದರೆ ಸಂಬಳವೊಂದರಲ್ಲೇ ಕಂತು ಕಟ್ಟಲಾಗುತ್ತಿರಲಿಲ್ಲ. ಮುಂದಿನ ಕೋಣೆಯನ್ನು ಬಾಡಿಗೆಗೆ ಕೊಟ್ಟರೆ ಹತ್ತಿರ ಹತ್ತಿರ ಅರ್ಧ ಕಂತು ಅಲ್ಲೇ ಹುಟ್ಟುತ್ತದೆ, ಸಾಲ ತೀರುವವರೆಗೆ ಅಷ್ಟೆ, ಆಮೇಲೆ ಕೋಣೆ ನಿನ್ನದು ಎಂದು ಅವನು ಹೆಂಡತಿಗೆ ಮಾತು ಕೊಟ್ಟಿದ್ದ. ಬಂದವಳು ರಾತ್ರಿ ಪಾಳಿಯ ನರ್ಸು. ಒಂಟಿ ಹೆಂಗಸು, ತಿಂಗಳು ಹುಟ್ಟುತ್ತಲೇ ಬಾಡಿಗೆ, ಗಲಾಟೆಯಿಲ್ಲ, ಬಂಧುಬಳಗವಿಲ್ಲ. ಬೆಳಿಗ್ಗೆ ಬಂದು ಮಲಗಿದರೆ ಏಳುತ್ತಿದ್ದುದು ಸಂಜೆ. ಇಂಥ ಬಾಡಿಗೆಯವರು ಹುಡುಕಿದರೂ ಸಿಗುವುದಿಲ್ಲ, ನಿದ್ದೆ ಕೆಟ್ಟು ಬಿಟ್ಟುಹೋದರೆ ಗತಿಯೇನು ಎಂಬುದು ಅವನ ತಲೆಯೊಳಗೆ ಹೊಕ್ಕಿತು. ಚಿಲಕಕ್ಕೆ ಬಟ್ಟೆ ಸುತ್ತಿದ. ಕುರ್ಚಿಯ ಕಾಲುಗಳಿಗೆ ಹಳೇ ಕಂಬಳಿಯ ತುಂಡು ಅಂಟಿಸಿದ. ಕುಕ್ಕರು ಕೂಗುವ ಮೊದಲೇ ಉರಿ ಆರಿಸಬೇಕು, ಮಿಕ್ಸರಿಗೆ ಸಂಜೆಯೇ ಹೊತ್ತು, ರಜೆಯ ದಿನ ನೆಂಟರು ಬರುವುದು ಬೇಡ. ನೆಂಟರು ಒಂದೆರಡು ಸಲ ಮೂಗು ಮುರಿದು ಆಮೇಲೆ ಬರುವುದನ್ನೇ ಬಿಟ್ಟರು. ಹೆಂಡತಿ ಮೊದಲೆಲ್ಲ ಬಿದ್ದು ಬಿದ್ದು ನಗುತ್ತಿದ್ದವಳು. ಆ ನಗು ಯಾವಾಗ ನಿಂತಿತೆಂದು ಅವನು ಗಮನಿಸಲೂ ಇಲ್ಲ.

ಮತ್ತೆ ಆ ಮಧ್ಯಾಹ್ನ. ಮಗಳಿಗೆ ಆಗ ಎಂಟೋ ಒಂಬತ್ತೋ. ಶಾಲೆಯ ಗೆಳತಿಯೊಬ್ಬಳನ್ನು ಕರೆದುಕೊಂಡು ಬಂದಿದ್ದಳು, ಇಬ್ಬರೂ ಮಂಚದ ಕೆಳಗೆ ಸೇರಿಕೊಂಡು ಯಾವುದೋ ಕಾರಣಕ್ಕೆ ನಗಲು ಶುರುಮಾಡಿದರು, ಆ ವಯಸ್ಸಿನ ನಗುವಿಗೆ ಲಗಾಮೆಲ್ಲಿ. ಅವನು ಶ್ ಎಂದ. ನಗು ಹೆಚ್ಚಾಯಿತು. ಗೋಡೆಯಾಚೆ ಮಂಚ ಕಿರುಗುಟ್ಟಿದ್ದು ಕೇಳಿಸಿತು. ಅವನು ಬಗ್ಗಿ, ಮಗಳನ್ನು ತೋಳು ಹಿಡಿದು ಹೊರಗೆಳೆದು, ಅಂಗೈಯಿಂದ ಅವಳ ಬಾಯಿ ಮುಚ್ಚಿದ. ಹೊಡೆಯಲಿಲ್ಲ. ಹೊಡೆಯಲಿಲ್ಲವೆಂದು ತನಗೆ ತಾನೇ ಎಷ್ಟೋ ಸಲ ಹೇಳಿಕೊಂಡಿದ್ದಾನೆ. ಆದರೆ ಕೈಯಡಿಯಲ್ಲಿ ಅವಳ ಪುಟ್ಟ ಹಲ್ಲುಗಳು, ಆಗಷ್ಟೇ ಹುಟ್ಟುತ್ತಿದ್ದ ಅಂಚು ಚೂಪಾದ ಹಲ್ಲುಗಳು, ಅಂಗೈಗೆ ಒತ್ತುತ್ತಿದ್ದವು, ಅವಳು ಮೂಗಿನಲ್ಲಿ ಉಸಿರು ಎಳೆದುಕೊಳ್ಳುತ್ತ ಕಣ್ಣರಳಿಸಿ ಅವನನ್ನೇ ನೋಡುತ್ತಿದ್ದಳು. ಗೆಳತಿ ಚೀಲ ಎತ್ತಿಕೊಂಡು ಹೊರಟುಹೋದಳು. ಕೈ ತೆಗೆದ ಮೇಲೂ ಮಗಳು ಬಾಯಿ ಬಿಡಲಿಲ್ಲ. ತುಟಿಯ ಸುತ್ತ ಅವನ ಕೈಯ ಪ್ಲಾಸ್ಟರಿನ ಬಿಳಿ ಪುಡಿ ಅಂಟಿಕೊಂಡಿತ್ತು, ಅದನ್ನು ಒರೆಸಿಕೊಳ್ಳಲೂ ಇಲ್ಲ. ಅಲ್ಲಿಂದ ಮುಂದೆ ಅವಳಿಗೆ ಶ್ ಎನ್ನುವ ಅಗತ್ಯವೇ ಬೀಳಲಿಲ್ಲ. ಎಷ್ಟು ಗುಣವಂತೆ ಎಂದು ಎಲ್ಲರೂ ಹೊಗಳಿದರು. ಓದು ಮುಗಿಸಿ ಟೀಚರಾಗಬೇಕೆಂದು ಹೋದಳು. ಮೂರು ಶಾಲೆಯವರು ಪಾಠ ಮಾಡಿಸಿ ನೋಡಿ ಒಂದೇ ಮಾತು ಹೇಳಿ ಕಳಿಸಿದರು: ಹಿಂದಿನ ಬೆಂಚಿಗೆ ಕೇಳಿಸೋದಿಲ್ಲಮ್ಮ. ಈಗ ಬೇರೆ ಊರಿನ ಯಾವುದೋ ಆಫೀಸಿನಲ್ಲಿ ದಿನವಿಡೀ ಕೀಲಿಮಣೆ ಒತ್ತುತ್ತಾಳೆ. ಫೋನು ಮಾಡಿದಾಗಲೆಲ್ಲ ಅವನು, ಜೋರಾಗಿ ಮಾತಾಡು ಪುಟ್ಟಿ, ಏನೂ ಕೇಳಿಸ್ತಿಲ್ಲ, ಎನ್ನುತ್ತಾನೆ. ಎಂದ ಕೂಡಲೇ ಅವನಿಗೆ ಅಂಗೈ ತುರಿಸುತ್ತದೆ.

ಕಾಲು ತನ್ನಷ್ಟಕ್ಕೆ ಲ್ಯಾಬಿಗೆ ಕರೆದುಕೊಂಡು ಬಂದಿತ್ತು. ಅರ್ಧ ದಿನದ ರಜೆ ಹಾಕಿದ್ದು ಆಮೇಲೆ ನೆನಪಾಯಿತು. ಸುಟ್ಟ ಮೇಣದ ವಾಸನೆ, ಕಿಟಕಿಯ ಪಕ್ಕ ಸಾಲಾಗಿ ಒಣಗುತ್ತಿರುವ ಪ್ಲಾಸ್ಟರಿನ ಬಾಯಿಗಳು. ಡಾಕ್ಟರು ಕೈಗವಸು ಕಳಚುತ್ತ ಬಾಗಿಲಲ್ಲಿ ಇಣುಕಿದರು. ಅವರು ಅವನನ್ನು ಕರೆಯುವುದೇ ಮೇಸ್ತ್ರಿ ಎಂದು. ನಾನು ಪಾಯ ತೋಡ್ತೀನಿ, ಇವನು ಗೋಡೆ ಎಬ್ಬಿಸ್ತಾನೆ ಎಂಬುದು ಅವರ ಹಳೇ ತಮಾಷೆ.

"ಏನಪ್ಪಾ ಮೇಸ್ತ್ರಿ, ಮನೆ ಯಜಮಾನ! ಬರಿಗೈಲಿ ಬಂದಿದೀಯಲ್ಲ, ಸ್ವೀಟೆಲ್ಲಿ?"

"ತರ್ತೀನಿ ಸಾರ್," ಎಂದ. ಹಲ್ಲು ಗಿಂಜಿದ.

"ನಂದು ಮುಗಿದು ಎರಡು ವರ್ಷ ಆಯ್ತು ಮಾರಾಯ. ಆವಾಗ ಕಂತು ಏರಿಸ್ಕೊಂಡು ಉಸಿರು ಕಟ್ಟಿಹೋಗಿತ್ತು. ನೀನೇ ಬುದ್ಧಿವಂತ ಬಿಡು, ಏರಿಸ್ಕೊಳ್ದೇ ಮುಗಿಸಿದೆ."

ಆ ವರ್ಷ ಡಾಕ್ಟರು ಕಾರು ಮಾರಿ ಬಸ್ಸಿನಲ್ಲಿ ಓಡಾಡಿದ್ದರು. ಅವರು ಬೆವರು ಒರೆಸಿಕೊಳ್ಳುತ್ತ ಬರುವುದನ್ನು ನೋಡಿ, ಓದಿದವರಿಗೂ ಬ್ಯಾಂಕಿನವರ ಹತ್ತಿರ ಮಾತಾಡಲು ಬರುವುದಿಲ್ಲ ಎಂದು ಅವನು ಮನಸ್ಸಿನಲ್ಲೇ ನಕ್ಕಿದ್ದ. ಮನಸ್ಸಿನಲ್ಲೇ ಯಾಕೆ, ಕಾಂಪೌಂಡರನ ಮುಂದೆ ಹೇಳಿಯೂ ಇದ್ದ. ಈಗ ಡಾಕ್ಟರು ಅವನ ಭುಜ ತಟ್ಟಿದರು. ಭುಜ ತಟ್ಟಿಸಿಕೊಂಡು, ಒಣಗಲಿಟ್ಟ ಒಂದು ದವಡೆಯನ್ನು ಸುಮ್ಮನೆ ಎತ್ತಿ, ತಿರುಗಿಸಿ ನೋಡಿ, ಇದ್ದಲ್ಲೇ ಇಟ್ಟು ಮನೆಗೆ ಹೊರಟ.

ದಾರಿಯಲ್ಲಿ ಮಾಡಬೇಕಾದ್ದು ಸ್ಪಷ್ಟವಾಗಿತ್ತು. ನರ್ಸಮ್ಮನಿಗೆ ಕೋಣೆ ಬಿಡಲು ಹೇಳಿದವನು ಅವನೇ, ಎರಡು ತಿಂಗಳ ಹಿಂದೆ, ಎಂಥ ಗತ್ತಿನಲ್ಲಿ! ಇವತ್ತು ಅವಳು ಹೊರಡುವ ದಿನ. ಅವಳ ಬಾಡಿಗೆಯಿಲ್ಲದೆ ಮುಂದಿನ ತಿಂಗಳ ಕಂತು ಕಟ್ಟಲಾಗುವುದಿಲ್ಲ. ಅವಳು ಹೊರಡುವ ಮೊದಲೇ ಹಿಡಿದು, ಕೈಮುಗಿದಾದರೂ ಸರಿ, ಇರಿ ಎನ್ನಬೇಕು. ಆಮೇಲೆ ಹೆಂಡತಿಗೆ ಹೇಳಬೇಕು. ಕಿಟಕಿಗೆ ಪರದೆಯ ಬಟ್ಟೆಯನ್ನು ಅವಳು ಆಗಲೇ ಹೊಲಿದಿಟ್ಟಿದ್ದಾಳೆ. ಕೋಣೆ ಸಿಗುವ ದಿನ ಜೊತೆಯಲ್ಲಿರಲೆಂದು ಮಗಳನ್ನೂ ರಜೆ ಹಾಕಿಸಿ ಕರೆಸಿಕೊಂಡಿದ್ದಾಳೆ. ಇದನ್ನೆಲ್ಲ ಅವನು ಬೇರೆ ಯಾರದೋ ಮನೆಯ ಸಂಗತಿಯೆಂಬಂತೆ ಯೋಚಿಸುತ್ತ ನಡೆದ.

ಬಾಗಿಲ ಮುಂದೆ ಸಾಮಾನಿನ ಗಾಡಿ ನಿಂತಿತ್ತು. ಮಂಚ ಆಗಲೇ ಗಾಡಿ ಏರಿತ್ತು. ನರ್ಸಮ್ಮ ಒಂದು ಸ್ಟವ್ವನ್ನು ಎದೆಗೊತ್ತಿಕೊಂಡು ಮೆಟ್ಟಿಲಿಳಿಯುತ್ತಿದ್ದವಳು ಅವನನ್ನು ಕಂಡು ನಿಂತಳು. ಇಷ್ಟು ವರ್ಷದಲ್ಲಿ ಅವಳನ್ನು ಹಗಲು ಬೆಳಕಿನಲ್ಲಿ ಎದುರೆದುರು ನೋಡಿದ್ದೇ ಕಡಿಮೆ. ಕೂದಲು ಅರ್ಧ ನರೆತಿತ್ತು.

"ಬಂದ್ರಾ ಅಣ್ಣಾ? ಹೇಳದೆ ಹೋಗ್ಬೇಕಾಗುತ್ತೇನೋ ಅಂದ್ಕೊಂಡಿದ್ದೆ. ಬೀಗದಕೈ ಅಕ್ಕನ ಹತ್ರ ಕೊಟ್ಟಿದೀನಿ."

"ಸಿಸ್ಟರ್," ಎಂದ ಅವನು. "ಹೊಸ ಕೋಣೆ... ಅಲ್ಲಿ ಹೆಂಗೆ? ರಸ್ತೆ ಪಕ್ಕ ಅಲ್ವಾ? ಹಗಲೆಲ್ಲ ಸದ್ದಿರುತ್ತೆ. ನಿಮಗೆ ನಿದ್ದೆ ಕಷ್ಟ. ಇಲ್ಲಿ ನಿಮಗೆ ಅಭ್ಯಾಸ. ಬೇಕಾದ್ರೆ ಇನ್ನೂ ಸ್ವಲ್ಪ ದಿನ..."

ನರ್ಸಮ್ಮ ನಕ್ಕಳು. "ಅಯ್ಯೋ, ಸದ್ದಿಗೇನಣ್ಣ! ಇಪ್ಪತ್ತು ಹಾಸಿಗೆ ವಾರ್ಡಲ್ಲಿ ನಿಂತ್ಕೊಂಡೇ ತೂಕಡಿಸಿದೋಳು ನಾನು. ಪಕ್ಕದಲ್ಲಿ ಗೋಡೆ ಬಿದ್ರೂ ಎಚ್ಚರ ಆಗಲ್ಲ. ನಿಜ ಹೇಳ್ಬೇಕಂದ್ರೆ ನಿಮ್ಮನೇಲೇ ನನಗೆ ನಿದ್ದೆ ಹತ್ತುತ್ತಾ ಇರ್ಲಿಲ್ಲ. ತುಂಬಾ ನಿಶ್ಶಬ್ದ. ಏನೋ ಆಗಿದೆಯೇನೋ ಅನ್ನೋ ಹಾಗೆ. ಕಿವಿಗೆ ರೇಡಿಯೋ ಸಿಕ್ಕಿಸ್ಕೊಂಡು ಮಲಗ್ತಿದ್ದೆ."

"ಮತ್ತೆ... ಒಂದು ದಿನವೂ ಹೇಳ್ಲಿಲ್ಲವಲ್ಲ?"

"ಏನಂತ ಹೇಳೋದು? ಕೆಲವರ ಮನೆ ಹಾಗಿರುತ್ತೆ, ಮಾತು ಕಮ್ಮಿ ಅಂದ್ಕೊಂಡೆ. ಪುಟ್ಟಿ ಚಿಕ್ಕೋಳಿದ್ದಾಗ ಒಂದ್ಸಲ ನಗ್ತಾ ಇದ್ಲು, ಗೋಡೆ ಆಚೆಯಿಂದ ಕೇಳಿಸ್ತು. ಚೆನ್ನಾಗಿತ್ತು. ಕಿವಿಯಿಂದ ರೇಡಿಯೋ ತೆಗೆದು, ಗೋಡೆ ಕಡೆ ಮಗ್ಗುಲಾದೆ. ಅಷ್ಟರಲ್ಲಿ ನಿಂತೋಯ್ತು." ಅವಳು ಸ್ಟವ್ವನ್ನು ಗಾಡಿಯವನ ಕೈಗೆ ಕೊಟ್ಟು ಸೆರಗಿನಲ್ಲಿ ಮುಖ ಒರೆಸಿಕೊಂಡಳು. "ಬರ್ತೀನಣ್ಣಾ. ಅಕ್ಕನ್ನ ಚೆನ್ನಾಗಿ ನೋಡ್ಕೊಳ್ಳಿ."

ಇರಿ ಎನ್ನುವ ಬದಲು ಅವನು ಪಕ್ಕಕ್ಕೆ ಸರಿದು ಗಾಡಿಗೆ ದಾರಿ ಬಿಟ್ಟ. ಗಾಡಿ ಬೀದಿಯ ತಿರುವಿನಲ್ಲಿ ಮರೆಯಾದ ಮೇಲೂ ಅವನು ಅಲ್ಲೇ ನಿಂತಿದ್ದ. ಹುಡುಗಿ ಚೀಟಿಯ ಮೇಲೆ ಬರೆದ ದುಂಡು ಕಣ್ಣೆದುರು ಬಂತು. ಒಂದು ಪಾಲಿಗೆ ಮಾತ್ರ ಗೀಟು. ಕೆನ್ನೆಯ ಒಳಗೆಲ್ಲೋ ಸಣ್ಣಗೆ ನೋಯಲು ಶುರುವಾಯಿತು. ಬ್ಯಾಂಕಿನಿಂದ ಹೊರಟಾಗಿನಿಂದ ದವಡೆ ಬಿಗಿ ಹಿಡಿದುಕೊಂಡೇ ಇದ್ದನೆಂದು ಅವನಿಗೆ ಆಗ ತಿಳಿಯಿತು.

ಮುಂದಿನ ಕೋಣೆಯ ಬಾಗಿಲು ಓರೆಯಾಗಿತ್ತು. ತಿಂಗಳಿಗೊಮ್ಮೆ ಬಾಡಿಗೆ ಇಸಿದುಕೊಳ್ಳಲು ಬಂದಾಗ ಮಾಡುತ್ತಿದ್ದಂತೆ ಬೆರಳ ಗೆಣ್ಣಿನಿಂದ ಮೆತ್ತಗೆ ಎರಡು ಸಲ ತಟ್ಟಿದ.

"ಯಾರು? ಬನ್ನಿ ಒಳಗೆ!" ಹೆಂಡತಿಯ ದನಿ. ಖಾಲಿ ಕೋಣೆಯಲ್ಲಿ ಅದು ಎಷ್ಟು ದೊಡ್ಡದಾಗಿ ಮೊಳಗಿತೆಂದರೆ ಅವನ ಕೈ ತಾನಾಗಿ ತುಟಿಯ ಮೇಲೆ ಹೋಯಿತು. "ಶ್..." ಎಂದುಬಿಟ್ಟ.

ಹೆಂಡತಿ ಕಿಟಕಿಯ ಕಟ್ಟೆಯ ಮೇಲೆ ಕಾಲು ಚಾಚಿ ಕೂತಿದ್ದಳು. ಮಗಳು ಗೋಡೆಗೊರಗಿ ನೆಲದ ಮೇಲೆ. ಇಬ್ಬರೂ ಅವನ ಬೆರಳನ್ನು ನೋಡಿದರು. ಅವನು ಕೈ ಇಳಿಸಿದ. ಸಂಜೆಯ ಬಿಸಿಲು ನೆಲದ ಮೇಲೆ ಅಗಲವಾಗಿ ಬಿದ್ದಿತ್ತು. ಈ ಹೊತ್ತಿನಲ್ಲಿ ಇಲ್ಲಿಗೆ ಇಷ್ಟು ಬಿಸಿಲು ಬರುತ್ತದೆಂದು ಅವನಿಗೆ ಇಷ್ಟು ವರ್ಷ ಗೊತ್ತಿರಲಿಲ್ಲ.

"ಪತ್ರ ಕೊಟ್ರಾ?" ಹೆಂಡತಿ ಕೈ ನೀಡಿದಳು.

ಅವನು ಚೀಲ ಕೊಟ್ಟ. ಅವಳು ಒಳಗೆ ಕೈ ಹಾಕಿ ರಟ್ಟನ್ನು ಹೊರಗೆ ತೆಗೆದಳು, ಹಿಂದೆ ಮುಂದೆ ತಿರುಗಿಸಿದಳು. ಅವನು ತುಟಿಯಾಡಿಸಿದ. ಹೇಳಿದ, ಹೇಳಿದನೆಂದೇ ಅವನಿಗೆ ಅನ್ನಿಸಿತು.

"ಏನಂದ್ರಿ? ಕೇಳಿಸ್ಲಿಲ್ಲ."

ಮತ್ತೆ ಹೇಳಿದ. ಗೋಡೆಯ ಹತ್ತಿರವಿದ್ದ ಮಗಳು ತಲೆಯೆತ್ತಿದಳು. ಅದೇ ಅಗಲ ಕಣ್ಣು.

"ಅಪ್ಪಾ, ಜೋರಾಗಿ ಹೇಳು," ಎಂದಳು, ಹಿಂದಿನ ಬೆಂಚಿಗೆ ಕೇಳಿಸದ ಆ ತನ್ನ ದನಿಯಲ್ಲಿ. "ಇಲ್ಲಿ ಯಾರೂ ಮಲಗಿಲ್ಲ."

"ಮುಗಿದಿಲ್ಲ!" ಎಂದು ಅವನು ಕೂಗಿದ. ಅದು ಕೂಗೇ ಆಗಿತ್ತು. ಗೋಡೆಗಳು ಅದನ್ನು ಹಿಂದಕ್ಕೆ ಎಸೆದವು. "ಸಾಲ ಮುಗಿದಿಲ್ಲ. ಇನ್ನೂ ಒಂಬತ್ತು ವರ್ಷ ಇದೆ. ಕಂತು ಏರಿಸ್ಬೇಡಿ ಅಂತ ನಾನೇ ಹೇಳಿದ್ದೆ, ಅವರು ವರ್ಷ ಏರಿಸಿದ್ರು. ಕಟ್ಟಿದ್ದೆಲ್ಲಾ ಬಡ್ಡಿಗೇ ಹೋಗಿದೆ. ನೀನು ಅವತ್ತೇ ಕೇಳಿದೆ, ನಾನು ಗದರಿದೆ. ನರ್ಸಮ್ಮಂಗೆ ಸದ್ದಾದ್ರೆ ಎಚ್ಚರಾನೇ ಆಗ್ತಿರ್ಲಿಲ್ಲವಂತೆ. ಅವಳೇನೂ ಕೇಳಿರ್ಲಿಲ್ಲ. ಪುಟ್ಟಿ, ನಿನ್ನ ಬಾಯಿ ನಾನು ಸುಮ್ಸುಮ್ನೆ ಮುಚ್ಚಿದೆ."

ಬೀದಿಯಲ್ಲಿ ಹೋಗುತ್ತಿದ್ದ ಇಬ್ಬರು ನಿಂತು ಕಿಟಕಿಯತ್ತ ನೋಡಿ ಮುಂದೆ ಹೋದರು. ಅವನ ಕಣ್ಣಲ್ಲಿ ನೀರು ಬರುತ್ತಿತ್ತು, ಬರಲಿ ಎಂದು ಬಿಟ್ಟ. ಹೆಂಡತಿ ರಟ್ಟನ್ನು ತೊಡೆಯ ಮೇಲಿಟ್ಟುಕೊಂಡು ಅದರ ಅಂಚನ್ನು ಬೆರಳಿನಿಂದ ಸವರುತ್ತ ಬಹಳ ಹೊತ್ತು ಕೂತಳು. ಇನ್ನು ಅವಳು ಕಾಲು ಮಡಚಿ ಇಳಿಯುತ್ತಾಳೆ, ಪರದೆಯ ಬಟ್ಟೆ ಎತ್ತಿಡುತ್ತಾಳೆ, ಬಾಡಿಗೆ ಬೋರ್ಡು ಎಲ್ಲಿಟ್ಟಿದೀರಿ ಎಂದು ಕೇಳುತ್ತಾಳೆ ಎಂದು ಅವನು ಕಾಯುತ್ತ ನಿಂತ. ಇಷ್ಟು ವರ್ಷ ಎಲ್ಲವನ್ನೂ ಹೊಟ್ಟೆಗೆ ಹಾಕಿಕೊಂಡವಳು ಅವಳು.

"ಬೋರ್ಡ್ ಬರೀರಿ," ಎಂದಳು ಹೆಂಡತಿ, ರಟ್ಟನ್ನು ಅವನ ಕೈಗೆ ಕೊಡುತ್ತ. "ಹಿಂದಿನ ಎರಡು ಕೋಣೆ ಬಾಡಿಗೆಗೆ ಇದೆ ಅಂತ. ಎರಡಕ್ಕೆ ಇದಕ್ಕಿಂತ ಜಾಸ್ತೀನೇ ಬರುತ್ತೆ, ಬಂದಿದ್ದನ್ನ ಕಂತಿಗೆ ಸೇರಿಸಿ ಕಟ್ಟಿ. ನಾವಿಬ್ರು ಇಲ್ಲಿರೋಣ. ಸ್ಟವ್ ಆ ಮೂಲೇಲಿ ಹಿಡಿಯುತ್ತೆ. ನಾನಂತೂ ಈ ಕಟ್ಟೆಯಿಂದ ಏಳಲ್ಲ."

ಅವನು ರಟ್ಟು ಹಿಡಿದುಕೊಂಡು ನಿಂತ.

"ಅಮ್ಮಾ," ಮಗಳು ಪಿಸುಗುಟ್ಟಿದಳು, "ಹಗಲು ಮಲಗೋರು ಬಂದ್ರೆ?"

"ಬರಲಿ, ಮಲಗಲಿ," ಎಂದಳು ಹೆಂಡತಿ, ಬೀದಿಯ ಆ ತುದಿಗೆ ಕೇಳಿಸುವಂತೆ. "ನಾವು ಮಾತಾಡ್ತಾ ಇರ್ತೀವಿ."

ಮಗಳ ಬಾಯಿಂದ ಒಂದು ಸದ್ದು ಬಂತು. ಅದು ನಗುವೇ ಎಂದು ತಿಳಿಯಲು ಅವನಿಗೆ ಸ್ವಲ್ಪ ಹೊತ್ತು ಬೇಕಾಯಿತು, ಅಷ್ಟು ಒರಟಾಗಿತ್ತು, ಬಳಸದೆ ಬಿದ್ದಿದ್ದ ಚಿಲಕದಂತೆ. ಅವಳು ಅಭ್ಯಾಸಬಲದಿಂದ ಅಂಗೈಯೆತ್ತಿ ಬಾಯಿಗೆ ಅಡ್ಡ ಹಿಡಿದಳು. ಅವನು ರಟ್ಟನ್ನು ಕೆಳಗಿಟ್ಟು, ಅವಳ ಪಕ್ಕ ಮಂಡಿಯೂರಿ, ಆ ಕೈಯನ್ನು ಹಿಡಿದು ಮೆಲ್ಲಗೆ ಕೆಳಗಿಳಿಸಿದ.